ಮಿಮೆಟಿಕ್ ಪಾಲಿಅಲಾಯ್

ಮಿಮೆಟಿಕ್ ಪಾಲಿಅಲಾಯ್ ಎಂಬುದು ಟರ್ಮಿನೇಟರ್ ಸರಣಿಯ ಚಲನಚಿತ್ರಗಳಲ್ಲಿ ಬರುವ, ತನ್ನ ಆಕಾರವನ್ನು ತಾನೇ ಬದಲಿಸಿಕೊಳ್ಳಬಲ್ಲ ಒಂದು ಕಾಲ್ಪನಿಕ ದ್ರವಲೋಹ. ಹೆಸರನ್ನು 'ಅನುಕರಿಸುವ ಬಹುಮಿಶ್ರಲೋಹ' ಎಂದು ಅರ್ಥೈಸಬಹುದು. ಜೇಮ್ಸ್ ಕ್ಯಾಮೆರಾನ್ ನಿರ್ದೇಶಿಸಿ, 1991ರ ಜುಲೈ ತಿಂಗಳಲ್ಲಿ ಬಿಡುಗಡೆಯಾದ 'ಟರ್ಮಿನೇಟರ್ 2: ಜಡ್ಜ್‌ಮೆಂಟ್ ಡೇ' ಚಿತ್ರದಲ್ಲಿ ಇದು ಮೊದಲ ಬಾರಿಗೆ ಕಾಣಿಸಿಕೊಂಡಿತು. ಆ ಚಿತ್ರದ ಖಳಪಾತ್ರವಾದ ಟಿ-1000 ಎಂಬ ಯಂತ್ರಮಾನವನ ಇಡೀ ದೇಹವು ಈ ಲೋಹದಿಂದಲೇ ಆದುದು. ಈ ಪಾತ್ರವನ್ನು ರಾಬರ್ಟ್ ಪ್ಯಾಟ್ರಿಕ್ ನಿರ್ವಹಿಸಿದ್ದಾರೆ.

ಕಥಾ ಹಿನ್ನೆಲೆ

ಕಥೆಯ ಪ್ರಕಾರ ಸ್ಕೈನೆಟ್ ಎಂಬ ಗಣಕ ವ್ಯವಸ್ಥೆಯು ಮನುಕುಲದ ಮೇಲೆ ಯುದ್ಧ ಹೂಡಿರುತ್ತದೆ. ಮುಂದೆ ಮಾನವರ ನಾಯಕನಾಗಲಿರುವ ಜಾನ್ ಕಾನರ್‌ನನ್ನು ಬಾಲ್ಯದಲ್ಲಿಯೇ ಕೊಲ್ಲುವ ಸಲುವಾಗಿ ಅದು 2029ರಿಂದ ಟಿ-1000 ಅನ್ನು ಭೂತಕಾಲಕ್ಕೆ ಕಳುಹಿಸುತ್ತದೆ. ಬಾಲಕನ ರಕ್ಷಣೆಗೆ ಬರುವುದು ಲೋಹದ ಅಸ್ಥಿಪಂಜರವುಳ್ಳ ಹಳೆಯ ಮಾದರಿಯ ಯಂತ್ರ. ಆ ಪಾತ್ರದಲ್ಲಿ ಆರ್ನಾಲ್ಡ್ ಶ್ವಾರ್ಜ಼ನೆಗರ್ ನಟಿಸಿದ್ದಾರೆ.

ಗುಣಗಳು ಮತ್ತು ಮಿತಿಗಳು

ಗುಂಡು ತಗುಲಿದಾಗ ಈ ಲೋಹದಲ್ಲಿ ಬೆಳ್ಳಿಬಣ್ಣದ ಕುಳಿಗಳು ಬಿದ್ದು ಕ್ಷಣಾರ್ಧದಲ್ಲಿ ಮುಚ್ಚಿಕೊಳ್ಳುತ್ತವೆ. ತುಂಡಾಗಿ ಬಿದ್ದ ಭಾಗವು ಹರಿದು ಬಂದು ಮೂಲ ದೇಹವನ್ನು ಸೇರುತ್ತದೆ. ಮನೋರೋಗಿಗಳ ಆಸ್ಪತ್ರೆಯ ದೃಶ್ಯದಲ್ಲಿ ಅದು ನೆಲಹಾಸಿನ ಚೌಕುಳಿಗಳಂತೆ ಹರಡಿಕೊಂಡಿದ್ದು, ತನ್ನನ್ನು ತುಳಿದುಹೋದ ಕಾವಲುಗಾರನ ರೂಪದಲ್ಲಿ ಮೇಲೇಳುತ್ತದೆ.

ಪುರಾಣಗಳ ಕಾಮರೂಪಿಗಳು ಬಯಸಿದ ರೂಪವನ್ನು ತಾಳಬಲ್ಲರು. ಈ ಲೋಹಕ್ಕೆ ಆ ಸ್ವಾತಂತ್ರ್ಯವಿಲ್ಲ. ತಾನು ಸ್ಪರ್ಶಿಸಿದ, ತನ್ನಷ್ಟೇ ಗಾತ್ರದ ವಸ್ತುವನ್ನು ಮಾತ್ರ ಅದು ಅನುಕರಿಸಬಲ್ಲದು. ಚಾಕು, ಕೊಕ್ಕೆ, ಸಲಾಕೆಗಳಂತಹ ಸರಳ ಆಕಾರಗಳು ಅದಕ್ಕೆ ಸಾಧ್ಯ. ಚಲಿಸುವ ಬಿಡಿಭಾಗಗಳೂ ರಾಸಾಯನಿಕಗಳೂ ಬೇಕಾಗುವ ಬಂದೂಕು ಅಥವಾ ಬಾಂಬು ಅಸಾಧ್ಯ. ಈ ನಿಯಮವನ್ನು ಚಿತ್ರವು ಮಾತಿನಲ್ಲಿ ಹೇಳುವುದಲ್ಲದೆ ಒಂದು ಪುಟ್ಟ ವಿವರದಲ್ಲಿಯೂ ಕಾಣಿಸುತ್ತದೆ. ಟಿ-1000ನ ದೇಹವು ಕಬ್ಬಿಣದ ಸರಳುಗಳ ನಡುವೆ ನೀರಿನಂತೆ ನುಸುಳಿಹೋದರೂ ಅದರ ಕೈಯಲ್ಲಿದ್ದ ಪಿಸ್ತೂಲು ಮಾತ್ರ ಸರಳಿಗೆ ತಗುಲಿ ನಿಲ್ಲುತ್ತದೆ. ಪಿಸ್ತೂಲು ನಿಜವಾದುದು, ದೇಹದ ಭಾಗವಲ್ಲ.

ಇದಕ್ಕಿಂತ ದೊಡ್ಡ ಮಿತಿಯೊಂದಿದೆ. ರೂಪವನ್ನೂ ಧ್ವನಿಯನ್ನೂ ಕದಿಯಬಲ್ಲ ಈ ವಸ್ತು ನೆನಪನ್ನು ಕದಿಯಲಾರದು. ಜಾನ್‌ನ ಸಾಕುತಾಯಿಯ ರೂಪದಲ್ಲಿರುವ ಟಿ-1000 ದೂರವಾಣಿಯಲ್ಲಿ ಮಾತನಾಡುವಾಗ ಎಂದಿಲ್ಲದ ಅಕ್ಕರೆ ತೋರುತ್ತದೆ; ಹುಡುಗನಿಗೆ ಅನುಮಾನ ಮೂಡುವುದೇ ಅದರಿಂದ. ರಕ್ಷಕ ಯಂತ್ರವು ಜಾನ್‌ನ ಧ್ವನಿಯಲ್ಲಿ ಮನೆಯ ನಾಯಿಯ ಬಗ್ಗೆ ವಿಚಾರಿಸುತ್ತದೆ, ಆದರೆ ಬೇಕೆಂದೇ ತಪ್ಪು ಹೆಸರು ಹೇಳುತ್ತದೆ. ನಾಯಿ ಕ್ಷೇಮವಾಗಿದೆ ಎಂಬ ಉತ್ತರ ಬಂದೊಡನೆ ಸಾಕುತಾಯಿ ಬದುಕಿಲ್ಲವೆಂಬುದು ಖಚಿತವಾಗುತ್ತದೆ. ಸಿಡಿತ, ಬೆನ್ನಟ್ಟುವಿಕೆಗಳೇ ತುಂಬಿದ ಚಿತ್ರದಲ್ಲಿ ಈ ವಸ್ತುವಿನ ಸ್ವಭಾವವನ್ನು ಅತ್ಯಂತ ಸ್ಪಷ್ಟವಾಗಿ ತೋರುವ ದೃಶ್ಯವೆಂದರೆ ಇದೇ. ಟಿ-1000 ಚಿತ್ರದ ಬಹುಭಾಗ ಪೊಲೀಸನ ಸಮವಸ್ತ್ರದಲ್ಲಿ ತಿರುಗುವುದೂ ಇದೇ ಜಾಡಿನದು: ಜನ ಪ್ರಶ್ನಿಸದೆ ನಂಬುವ ವೇಷವನ್ನೇ ಅದು ಆರಿಸಿಕೊಂಡಿದೆ.

ಉಷ್ಣತೆಯೂ ಅದರ ಶತ್ರು. ದ್ರವ ಸಾರಜನಕದಲ್ಲಿ ನೆನೆದಾಗ ಅದು ಗಡುಸಾಗಿ ಒಡೆದು ಚೂರಾಗುತ್ತದೆ. ಉಕ್ಕಿನ ಕಾರ್ಖಾನೆಯ ಕಾವಿಗೆ ಕರಗಿ ಮತ್ತೆ ಒಂದಾಗುತ್ತದೆ. ಕೊನೆಗೆ ಕರಗಿದ ಉಕ್ಕಿನ ಕೊಪ್ಪರಿಗೆಗೆ ಬಿದ್ದು, ತಾನು ಹಿಂದೆ ತಾಳಿದ್ದ ರೂಪಗಳನ್ನು ಒಂದೊಂದಾಗಿ ತೋರುತ್ತಾ ನಾಶವಾಗುತ್ತದೆ.

ತೆರೆಯ ಮೇಲೆ ಮೂಡಿಸಿದ ಬಗೆ

ದ್ರವಲೋಹದ ಕಲ್ಪನೆ 1984ರ ಮೊದಲ ಚಿತ್ರದ ಸಿದ್ಧತೆಯ ಕಾಲದಲ್ಲಿಯೇ ಕ್ಯಾಮೆರಾನ್ ಅವರಿಗಿತ್ತು. ಅದನ್ನು ಚಿತ್ರಿಸುವ ತಂತ್ರಜ್ಞಾನ ಆಗ ಇರಲಿಲ್ಲ. ಅವರ 1989ರ 'ದಿ ಅಬಿಸ್' ಚಿತ್ರದಲ್ಲಿ ಮನುಷ್ಯನ ಮುಖವನ್ನು ಅನುಕರಿಸುವ ನೀರಿನ ಕಂಬವೊಂದನ್ನು ಗಣಕದಿಂದ ರೂಪಿಸಿದ ಇಂಡಸ್ಟ್ರಿಯಲ್ ಲೈಟ್ ಅಂಡ್ ಮ್ಯಾಜಿಕ್ ಸಂಸ್ಥೆಯೇ ಟಿ-1000 ಅನ್ನೂ ರೂಪಿಸಿತು. ನಡಿಗೆಯನ್ನು ಯಥಾವತ್ತಾಗಿ ಹಿಡಿಯಲು ರಾಬರ್ಟ್ ಪ್ಯಾಟ್ರಿಕ್ ಅವರ ಮೈಮೇಲೆ ಗೆರೆಗಳ ಜಾಲ ಬರೆದು ಚಿತ್ರೀಕರಿಸಲಾಯಿತು.

ಆದರೆ ಎಲ್ಲವೂ ಗಣಕದ ಕೆಲಸವೆಂಬುದು ತಪ್ಪು ತಿಳಿವಳಿಕೆ. ಗುಂಡೇಟಿನ ಬೆಳ್ಳಿ ಕುಳಿಗಳು ಸ್ಟ್ಯಾನ್ ವಿನ್‌ಸ್ಟನ್ ತಂಡವು ಉಡುಪಿನಡಿ ಅಡಗಿಸಿಟ್ಟ, ಸ್ಪ್ರಿಂಗಿನಿಂದ ಅರಳುವ ಸಾಧನಗಳು. ಕಾವಲುಗಾರ ಮತ್ತು ಅವನ ನಕಲು ಒಟ್ಟಿಗೆ ಕಾಣುವಲ್ಲಿ ನಟಿಸಿದವರು ಡಾನ್ ಮತ್ತು ಡ್ಯಾನ್ ಸ್ಟ್ಯಾಂಟನ್ ಎಂಬ ಅವಳಿ ಸಹೋದರರು. ಇಬ್ಬರು ಸಾರಾ ಕಾನರ್‌ಗಳು ಬೇಕಾದಾಗ ನಟಿ ಲಿಂಡಾ ಹ್ಯಾಮಿಲ್ಟನ್ ಅವರ ಅವಳಿ ಸಹೋದರಿ ಲೆಸ್ಲಿ ನೆರವಾದರು. ಚಿತ್ರವು ದೃಶ್ಯ ಪರಿಣಾಮಗಳ ವಿಭಾಗವೂ ಸೇರಿ 4 ಅಕಾಡೆಮಿ ಪ್ರಶಸ್ತಿಗಳನ್ನು ಪಡೆಯಿತು.

ನಂತರದ ಚಿತ್ರಗಳು

2003ರ ಮೂರನೆಯ ಚಿತ್ರದ ಟಿ-ಎಕ್ಸ್‌ನಲ್ಲಿ ಈ ಲೋಹವು ಗಟ್ಟಿ ಅಸ್ಥಿಪಂಜರದ ಮೇಲಿನ ಹೊದಿಕೆಯಾಗಿದೆ. 2015ರ 'ಟರ್ಮಿನೇಟರ್ ಜೆನಿಸಿಸ್' ಚಿತ್ರದಲ್ಲಿ ಲೀ ಬ್ಯುಂಗ್-ಹುನ್ ಟಿ-1000 ಪಾತ್ರವಹಿಸಿದರು.

ವಾಸ್ತವ ವಿಜ್ಞಾನ

ಕೋಣೆಯ ಉಷ್ಣತೆಯ ಆಸುಪಾಸಿನಲ್ಲಿ ದ್ರವವಾಗುವ ಲೋಹಗಳು ಪ್ರಕೃತಿಯಲ್ಲಿವೆ. ಪಾದರಸ ಎಲ್ಲರಿಗೂ ಪರಿಚಿತ. ಗ್ಯಾಲಿಯಂ ಸುಮಾರು 29.8 ಡಿಗ್ರಿ ಸೆಲ್ಸಿಯಸ್‌ನಲ್ಲಿ, ಅಂದರೆ ಅಂಗೈಯ ಬಿಸಿಗೇ, ಕರಗುತ್ತದೆ. 2023ರಲ್ಲಿ ಅಮೆರಿಕ ಮತ್ತು ಚೀನಾದ ಸಂಶೋಧಕರು ಗ್ಯಾಲಿಯಂನಲ್ಲಿ ಕಾಂತೀಯ ಕಣಗಳನ್ನು ಬೆರೆಸಿ, ಮನುಷ್ಯಾಕೃತಿಯ ಪುಟ್ಟ ಗೊಂಬೆಯೊಂದು ಕಾಂತಕ್ಷೇತ್ರದ ಪ್ರಭಾವದಿಂದ ಕರಗಿ ಪಂಜರದ ಸರಳುಗಳ ನಡುವೆ ಹೊರಬರುವುದನ್ನು ತೋರಿಸಿದರು. ಚಿತ್ರದ ದೃಶ್ಯವನ್ನೇ ನೆನಪಿಸುವ ಪ್ರಯೋಗವಿದು. ಆದರೆ ಹೊರಬಂದ ಲೋಹಕ್ಕೆ ತನ್ನ ಆಕಾರದ ಅರಿವಿರಲಿಲ್ಲ. ಅದನ್ನು ಅಚ್ಚಿಗೆ ಹಾಕಿ ಮತ್ತೆ ಗೊಂಬೆಯಾಗಿಸಬೇಕಾಯಿತು.