ವಿಆರ್ ಬಾಕ್ಸ್‌ನಲ್ಲಿ ವಿಡಿಯೋ ತಿರುಗ್ತಿಲ್ವಾ? ಬಾಕ್ಸ್ ವಾಪಸ್ ಕೊಡೋಕೆ ಮುಂಚೆ ಫೋನ್ ಚೆಕ್ ಮಾಡಿ

ಜಾತ್ರೆ ಟೈಮಲ್ಲಿ ನಮ್ಮ ಪೇಟೆ ಬೀದಿಯ ಒಂದು ಮೊಬೈಲ್ ಅಂಗಡಿಯವರು ವಿಆರ್ ಬಾಕ್ಸ್ ತರಿಸಿದ್ದರು. ಒಂದಕ್ಕೆ 350 ರೂಪಾಯಿ. ಇಪ್ಪತ್ತು ಬಾಕ್ಸ್ ಮೂರೇ ದಿನಕ್ಕೆ ಖಾಲಿ. ಆದರೆ ವಾರ ಕಳೆಯೋದರೊಳಗೆ ಏಳು ವಾಪಸ್ ಬಂದವು. ‘ಡೂಪ್ಲಿಕೇಟ್ ಮಾಲು ಕೊಟ್ಟಿದ್ದೀರಾ’ ಅಂತ ಗಿರಾಕಿ, ‘ಇಲ್ಲೇ ನೋಡಿ, ನನ್ನ ಫೋನಲ್ಲಿ ಚೆನ್ನಾಗೇ ಬರ್ತಿದೆಯಲ್ಲ’ ಅಂತ ಅಂಗಡಿಯವರು. ಇಬ್ಬರೂ ಹೇಳ್ತಿದ್ದಿದ್ದು ನಿಜವೇ. ಆ ಏಳರಲ್ಲಿ ಒಂದು ನನ್ನದು. ಮಂಡಿನೋವಿಂದ ಮನೆಯಿಂದ ಆಚೆ ಹೋಗದ ನಮ್ಮಜ್ಜಿಗೆ ಜೋಗ ತೋರಿಸೋಣ ಅಂತ ತಂದಿದ್ದೆ. ಅಜ್ಜಿ ಎಷ್ಟು ಕತ್ತು ತಿರುಗಿಸಿದರೂ ಒಂದೇ ಬಂಡೆ ಕಾಣ್ತಿತ್ತು.

ಮೊದಲು ಒಂದು ವಿಷಯ ತಿಳ್ಕೊಳ್ಳಿ. ಈ ಬಾಕ್ಸ್‌ನಲ್ಲಿ ಕೆಡೋಕೆ ಅಂಥದ್ದು ಏನೂ ಇಲ್ಲ. ಬ್ಯಾಟರಿ ಇಲ್ಲ, ಸರ್ಕ್ಯೂಟ್ ಇಲ್ಲ. ಎರಡು ಲೆನ್ಸು, ಒಂದು ಪ್ಲಾಸ್ಟಿಕ್ ಡಬ್ಬ, ತಲೆಗೆ ಕಟ್ಟೋ ಬೆಲ್ಟು, ಅಷ್ಟೆ. 2014ರಲ್ಲಿ ಗೂಗಲ್‌ನವರು ರಟ್ಟಿನಲ್ಲೇ ಮಡಚಿ ಮಾಡಿದ ಕಾರ್ಡ್‌ಬೋರ್ಡ್ ಅನ್ನೋದನ್ನ ಬಿಟ್ಟರು, ಈಗ ಸಂತೇಲಿ ಸಿಗೋದೆಲ್ಲ ಅದರ ಪ್ಲಾಸ್ಟಿಕ್ ತಮ್ಮಂದಿರು. ಗೂಗಲ್ 2021ರಲ್ಲಿ ಅದರ ಮಾರಾಟ ನಿಲ್ಲಿಸಿದೆ, ಆದರೆ ಬಾಕ್ಸ್ ಬರೋದು ನಿಂತಿಲ್ಲ. ತಲೆ ಎಲ್ಲಿ ತಿರುಗಿತು ಅಂತ ಲೆಕ್ಕ ಇಡೋದು, ವಿಡಿಯೋ ಓಡಿಸೋದು, ಎರಡು ಕಣ್ಣಿಗೆ ಎರಡು ಚಿತ್ರ ಕೊಡೋದು ಎಲ್ಲಾ ಫೋನಿನ ಕೆಲಸ. ಹಾಗಾಗಿ ಹತ್ತರಲ್ಲಿ ಒಂಬತ್ತು ಕಂಪ್ಲೇಂಟು ಫೋನಿಂದು, ಇಲ್ಲಾ ವಿಡಿಯೋ ಫೈಲಿಂದು.

ತಲೆ ತಿರುಗಿಸಿದ್ರೂ ಚಿತ್ರ ತಿರುಗಲ್ಲ

ಇದೇ ದೊಡ್ಡ ರೋಗ. ಕಾರಣ ಗೈರೋಸ್ಕೋಪ್. ಹೆಸರು ಕೇಳಿ ಗಾಬರಿ ಆಗ್ಬೇಡಿ, ಫೋನ್ ಎಷ್ಟು ತಿರುಗಿತು ಅಂತ ಅಳೆಯೋ ಒಂದು ಚಿಕ್ಕ ಸೆನ್ಸರ್ ಅದು. (ಡಿಗ್ರಿ ಅರ್ಧಕ್ಕೆ ಬಿಟ್ಟವನು ನಾನು, ಕಾಲೇಜಲ್ಲಿ ಈ ಹೆಸರು ಕೇಳಿದ್ದೆ, ಅದು ಜೇಬಲ್ಲೇ ಇರುತ್ತೆ ಅಂತ ಗೊತ್ತಿರಲಿಲ್ಲ.) ಎಲ್ಲಾ ಸ್ಮಾರ್ಟ್‌ಫೋನ್‌ನಲ್ಲೂ ಆಕ್ಸಿಲರೋಮೀಟರ್ ಅಂತ ಇನ್ನೊಂದು ಸೆನ್ಸರ್ ಇರುತ್ತೆ. ಫೋನ್ ಅಡ್ಡ ಹಿಡಿದರೆ ಸ್ಕ್ರೀನ್ ಅಡ್ಡ ಆಗುತ್ತಲ್ಲ, ಅದು ಅದರ ಕೆಲಸ. ಭೂಮಿ ಎಳೆಯೋ ದಿಕ್ಕನ್ನ ನೋಡಿ ಫೋನ್ ಮೇಲೆ ಕೆಳಗೆ ಬಾಗಿದ್ದು ಅದಕ್ಕೆ ಗೊತ್ತಾಗುತ್ತೆ. ಆದರೆ ನೀವು ಕೂತಲ್ಲೇ ಎಡಕ್ಕೆ ಬಲಕ್ಕೆ ತಿರುಗಿದರೆ ಗೊತ್ತಾಗಲ್ಲ. ಅದಕ್ಕೆ ಗೈರೋಸ್ಕೋಪೇ ಬೇಕು. ಕಡಿಮೆ ಬೆಲೆಯ ಎಷ್ಟೋ ಫೋನಲ್ಲಿ ಖರ್ಚು ಉಳಿಸೋಕೆ ಇದನ್ನ ಹಾಕಿರಲ್ಲ. ಕೆಲವದರಲ್ಲಿ ‘ವರ್ಚುವಲ್ ಗೈರೋಸ್ಕೋಪ್’ ಅಂತ ಬರೆದಿರ್ತಾರೆ. ಅದು ಸೆನ್ಸರ್ ಅಲ್ಲ, ಬೇರೆ ಸೆನ್ಸರ್‌ಗಳನ್ನ ನೋಡಿ ಸಾಫ್ಟ್‌ವೇರ್ ಹಾಕೋ ಅಂದಾಜು. ಚಿತ್ರ ನಡುಗುತ್ತೆ, ತಡವಾಗಿ ತಿರುಗುತ್ತೆ, ಹೊಟ್ಟೆ ತೊಳೆಸುತ್ತೆ.

ಚೆಕ್ ಮಾಡೋದು ಸುಲಭ. ಯೂಟ್ಯೂಬ್ ಆ್ಯಪ್‌ನಲ್ಲಿ ಯಾವುದಾದ್ರೂ 360 ಡಿಗ್ರಿ ವಿಡಿಯೋ ಹಾಕಿ ಫುಲ್ ಸ್ಕ್ರೀನ್ ಮಾಡಿ. ಬಾಕ್ಸ್ ಬೇಡ, ಫೋನ್ ಕೈಯಲ್ಲೇ ಹಿಡಿದು ನಿಂತಲ್ಲೇ ಒಂದು ಸುತ್ತು ತಿರುಗಿ. ಚಿತ್ರನೂ ಜೊತೆಗೆ ತಿರುಗಿದರೆ ಗೈರೋಸ್ಕೋಪ್ ಇದೆ. ಬೆರಳಲ್ಲಿ ಎಳೆದಾಗ ಮಾತ್ರ ತಿರುಗಿದರೆ ಬಹುತೇಕ ಇಲ್ಲ ಅಂತಲೇ ಅರ್ಥ. ಖಾತ್ರಿ ಬೇಕಂದ್ರೆ ಪ್ಲೇಸ್ಟೋರ್‌ನ ಸಿಪಿಯು-ಝಡ್ ಆ್ಯಪ್ ಹಾಕ್ಕೊಂಡು ಸೆನ್ಸರ್ಸ್ ಪುಟದಲ್ಲಿ ಗೈರೋಸ್ಕೋಪ್ ಹೆಸರಿದೆಯಾ ನೋಡಿ. ಸ್ಯಾಮ್ಸಂಗ್ ಆದ್ರೆ ಹೆಚ್ಚಿನ ಮಾಡೆಲ್‌ಗಳಲ್ಲಿ ಡಯಲ್ ಪ್ಯಾಡಲ್ಲಿ *#0*# ಒತ್ತಿದರೆ ಟೆಸ್ಟ್ ಮೆನು ಬರುತ್ತೆ, ಅಲ್ಲಿ ಸೆನ್ಸರ್ ಆರಿಸಿ. ಐಫೋನ್‌ನವರಿಗೆ ಈ ತಾಪತ್ರಯ ಇಲ್ಲ, 2010ರ ಐಫೋನ್ 4ರಿಂದಲೂ ಗೈರೋಸ್ಕೋಪ್ ಇದೆ.

ಇಲ್ಲ ಅಂತಾದ್ರೆ ಯಾವ ಆ್ಯಪ್ ಹಾಕಿದರೂ ಬರಲ್ಲ. ‘ಗೈರೋ ಎನೇಬಲ್ ಮಾಡಿ’ ಅಂತ ಫೋನನ್ನ ರೂಟ್ ಮಾಡಿಸೋ ವಿಡಿಯೋಗಳು ಓಡಾಡ್ತಿವೆ, ಅದರ ಹಿಂದೆ ಹೋಗಿ ಫೋನ್ ಕೆಡಿಸ್ಕೋಬೇಡಿ. ಇರೋ ಫೋನಲ್ಲಿ ತಲೆ ತಿರುಗಿಸೋ ಅಗತ್ಯ ಇಲ್ಲದ 3ಡಿ ವಿಡಿಯೋ ನೋಡಬಹುದು, ಅದಕ್ಕೆ ಬಾಕ್ಸ್ ಸಾಕು.

ಗೈರೋಸ್ಕೋಪ್ ಇದ್ದೂ ತಿರುಗದಿದ್ರೆ? ಆ್ಯಪ್ ಬಿಟ್ಟು ಕ್ರೋಮ್‌ನಲ್ಲಿ ನೋಡ್ತಿದ್ದರೆ ಅದರ ಸೈಟ್ ಸೆಟ್ಟಿಂಗ್ಸ್‌ನಲ್ಲಿ ಮೋಷನ್ ಸೆನ್ಸರ್ಸ್ ಆನ್ ಇದೆಯಾ ನೋಡಿ. ಐಫೋನ್ ಆದ್ರೆ ಸಫಾರಿ ಪರ್ಮಿಷನ್ ಕೇಳುತ್ತೆ, ಬೇಡ ಅಂದಿದ್ದರೆ ಪುಟ ಮತ್ತೆ ತೆಗೆದು ಒಪ್ಪಿಗೆ ಕೊಡಿ.

ಒಂದು ದೇವಸ್ಥಾನ ನಾಲ್ಕಾಗಿ ಕಾಣುತ್ತೆ

ಇದು ಫೈಲ್‌ನ ಸೆಟ್ಟಿಂಗ್ ತಪ್ಪು. ವಿಆರ್ ವಿಡಿಯೋದಲ್ಲಿ ಎಡಗಣ್ಣಿಗೊಂದು ಬಲಗಣ್ಣಿಗೊಂದು ಚಿತ್ರ ಇರುತ್ತೆ. ಕೆಲವದರಲ್ಲಿ ಪಕ್ಕಪಕ್ಕ, ಕೆಲವದರಲ್ಲಿ ಮೇಲೆ ಕೆಳಗೆ. ಪ್ಲೇಯರ್ ಅದನ್ನ ಒಂದೇ ಚಿತ್ರ ಅಂದ್ಕೊಂಡರೆ ಎರಡನ್ನೂ ಸೇರಿಸಿ ಒಂದೊಂದು ಕಣ್ಣಿಗೂ ತೋರಿಸಿಬಿಡುತ್ತೆ. ಎರಡು ಹೋಗಿ ನಾಲ್ಕು.

ಫೈಲ್ ಹೆಸರಿನ ಕೊನೆ ನೋಡಿ. ಎಸ್‌ಬಿಎಸ್ ಅಥವಾ ಎಲ್‌ಆರ್ ಇದ್ದರೆ ಪಕ್ಕಪಕ್ಕ. ಟಿಬಿ ಅಥವಾ ಒಯು ಇದ್ದರೆ ಮೇಲೆ ಕೆಳಗೆ. 180 ಅಂತಿದ್ದರೆ ಮುಂದಿನ ಅರ್ಧ ಮಾತ್ರ, ಹಿಂದೆ ತಿರುಗಿದರೆ ಕಪ್ಪು. ಅದು ಫಾಲ್ಟ್ ಅಲ್ಲ. ಪ್ಲೇಯರ್ ಸೆಟ್ಟಿಂಗಲ್ಲಿ ಇದೇ ಹೆಸರು ಇರ್ತವೆ, ಹೊಂದಿಸಿದರೆ ಸಾಕು. ಹತ್ತಿರದ್ದು ದೂರ, ದೂರದ್ದು ಹತ್ತಿರ ಕಂಡು ತಲೆ ನೋಯ್ತಿದ್ದರೆ ಎಡ ಬಲ ಅದಲು ಬದಲಾಗಿದೆ, ಆ ಅದಲು ಬದಲು ಮಾಡೋ ಆಪ್ಶನ್ ಒತ್ತಿ.

ವಾಟ್ಸಾಪ್‌ನಲ್ಲಿ ಬಂದ ವಿಡಿಯೋ ಚಪ್ಪಟೆ

ಒಬ್ಬ ದೋಸ್ತ್ 360 ವಿಡಿಯೋ ಶೂಟ್ ಮಾಡಿ ಮದುವೆ ಮನೆಯವರಿಗೆಲ್ಲ ವಾಟ್ಸಾಪ್ ಮಾಡಿದ್ದ. ಎಲ್ಲರಿಗೂ ಬಂದಿದ್ದು ಎಳೆದು ಅಗಲ ಮಾಡಿದ ಹಾಗಿರೋ ವಿಡಿಯೋ, ಮದುಮಗನ ಸೊಂಟ ಬಾಗಿ ಹೋಗಿತ್ತು. 360 ವಿಡಿಯೋ ಒಳಗೆ ‘ಇದು ಗೋಳಾಕಾರದ ವಿಡಿಯೋ’ ಅಂತ ಒಂದು ಗುಪ್ತ ಚೀಟಿ ಇರುತ್ತೆ. ವಾಟ್ಸಾಪ್ ವಿಡಿಯೋನ ಕುಗ್ಗಿಸಿ ಕಳಿಸುವಾಗ ಆ ಚೀಟಿ ಬಿದ್ದುಹೋಗುತ್ತೆ. ವಿಡಿಯೋ ಅಂತ ಕಳಿಸ್ಬೇಡಿ, ಡಾಕ್ಯುಮೆಂಟ್ ಅಂತ ಕಳಿಸಿ. 2 ಜಿಬಿವರೆಗೂ ಹಾಗೇ ಹೋಗುತ್ತೆ. ಈಗಾಗಲೇ ಚಪ್ಪಟೆ ಆಗಿರೋದನ್ನ ವಿಆರ್ ಪ್ಲೇಯರ್‌ನಲ್ಲಿ 360 ಮೋಡ್ ಕೈಯಾರೆ ಆರಿಸಿ ನೋಡಬಹುದು, ಆದರೆ ಕ್ಲಾರಿಟಿ ಹೋಗಿದ್ದು ಹೋಯ್ತು.

ಮಂಜು ಮಂಜು

ಇದಕ್ಕೆ ಸ್ವಲ್ಪ ಲೆಕ್ಕ ಬೇಕು. 4ಕೆ ವಿಡಿಯೋದ ಅಗಲ 3840 ಚುಕ್ಕೆ. 360 ವಿಡಿಯೋದಲ್ಲಿ ಆ ಚುಕ್ಕೆಗಳು ನಿಮ್ಮ ಸುತ್ತ ಇಡೀ ಹಂಚಿ ಹೋಗಿರ್ತವೆ. ಬಾಕ್ಸ್ ಒಳಗೆ ಒಂದು ಸಲಕ್ಕೆ ಕಾಣೋದು ಹೆಚ್ಚುಕಮ್ಮಿ 90 ಡಿಗ್ರಿ, ಅಂದ್ರೆ ಕಾಲುಭಾಗ, 960 ಚುಕ್ಕೆ. 1080 ಪಿಯಲ್ಲಿ ನೋಡಿದರೆ ಬರೀ 480. ಇಷ್ಟನ್ನ ಲೆನ್ಸ್ ದೊಡ್ಡದು ಮಾಡಿ ತೋರಿಸುತ್ತೆ, ಮಂಜಾಗದೆ ಇನ್ನೇನಾಗುತ್ತೆ? ಯೂಟ್ಯೂಬ್ ಕ್ವಾಲಿಟಿನ ಆಟೋದಲ್ಲಿ ಬಿಡ್ಬೇಡಿ, 1440 ಇಲ್ಲಾ 2160 ಆರಿಸಿ. ನಮ್ಮ ಹಳ್ಳಿ ಕಡೆ ನೆಟ್‌ವರ್ಕ್‌ನಲ್ಲಿ ಅದು ಸುತ್ತುತ್ತಾ ಕೂತರೆ ಮೊದಲೇ ಡೌನ್‌ಲೋಡ್ ಮಾಡ್ಕೊಳ್ಳಿ.

ಚಿತ್ರ ಮಂಜು ಅಷ್ಟೇ ಅಲ್ಲ, ಅಂಚೆಲ್ಲ ಬಾಗಿದ ಹಾಗಿದ್ದರೆ ಬಾಕ್ಸ್ ಮೇಲಿರೋ ಕ್ಯೂಆರ್ ಕೋಡನ್ನ ವಿಆರ್ ಆ್ಯಪ್‌ನಲ್ಲಿ ಸ್ಕ್ಯಾನ್ ಮಾಡಿ. ಆ ಲೆನ್ಸ್ ಎಷ್ಟು ಬಾಗಿದೆ ಅಂತ ಫೋನಿಗೆ ತಿಳಿಯುತ್ತೆ. ಇನ್ನೊಂದು, ಹಳೇ ಬಾಕ್ಸ್‌ಗಳು 6 ಇಂಚಿನ ಒಳಗಿನ ಫೋನಿಗೆ ಮಾಡಿದ್ದು. ಈಗಿನ 6.7 ಇಂಚಿನ ಫೋನ್ ತುರುಕಿದರೆ ನಡುಗೆರೆ ಲೆನ್ಸ್‌ಗಳ ಮಧ್ಯಕ್ಕೆ ಬರಲ್ಲ, ಎಷ್ಟು ಫೋಕಸ್ ಮಾಡಿದರೂ ಜೋಡಿ ಚಿತ್ರವೇ. ಕ್ಲಿಪ್ ಹೋಗಿ ವಾಲ್ಯೂಮ್ ಬಟನ್ ಒತ್ತೋದು ಬೇರೆ. ಫೋನ್ ಕವರ್ ತೆಗೆದು, ಅರ್ಧ ಇಂಚು ಆಚೀಚೆ ಸರಿಸಿ ಕೂರಿಸಿ.

ಕೂತಿದ್ದರೂ ಚಿತ್ರ ತಾನೇ ಜಾರುತ್ತೆ

ಫೋನನ್ನ ಸಮತಟ್ಟಾದ ಟೇಬಲ್ ಮೇಲೆ ಒಂದೆರಡು ನಿಮಿಷ ಅಲುಗಾಡದ ಹಾಗೆ ಇಟ್ಟು ಆಮೇಲೆ ಆ್ಯಪ್ ತೆಗೀರಿ. ಮ್ಯಾಗ್ನೆಟ್ ಇರೋ ಫ್ಲಿಪ್ ಕವರ್ ಕಿತ್ತಿಡಿ. ಹಳೇ ಮಾದರಿ ಬಾಕ್ಸ್‌ಗಳಲ್ಲಿ ಪಕ್ಕದಲ್ಲಿ ಬಟನ್ ಬದಲು ಮ್ಯಾಗ್ನೆಟ್ಟೇ ಇರುತ್ತೆ, ಅದು ಫೋನಿನ ದಿಕ್ಸೂಚಿನ ಕೆಡಿಸುತ್ತೆ.

ಸೌಂಡ್ ಬರುತ್ತೆ, ಚಿತ್ರ ನಿಂತು ನಿಂತು ಬರುತ್ತೆ

ಹಳೇ ಫೋನಿನ ಚಿಪ್‌ಗೆ 4ಕೆ ಎಚ್‌ಇವಿಸಿ ಫೈಲ್ ಭಾರ. ಅದೇ ವಿಡಿಯೋನ ಎಚ್.264 ರೂಪದಲ್ಲಿ, ಸಣ್ಣ ಸೈಜಲ್ಲಿ ಹಾಕಿ ನೋಡಿ. 4 ಜಿಬಿಗಿಂತ ದೊಡ್ಡ ಫೈಲ್ ಮೆಮೊರಿ ಕಾರ್ಡಿಗೆ ಕಾಪಿ ಆಗ್ತಿಲ್ಲ ಅಂದ್ರೆ ಕಾರ್ಡ್ ಫ್ಯಾಟ್32ರಲ್ಲಿದೆ. ಒಳಗಿರೋ ಫೋಟೋ ಎಲ್ಲಾ ಬೇರೆ ಕಡೆ ತೆಗೆದಿಟ್ಟು ಎಕ್ಸ್‌ಫ್ಯಾಟ್‌ಗೆ ಫಾರ್ಮ್ಯಾಟ್ ಮಾಡಿ. ಹತ್ತು ನಿಮಿಷ ಆದ್ಮೇಲೆ ಸ್ಕ್ರೀನ್ ಮಬ್ಬಾದರೆ ಫೋನ್ ಬಿಸಿಯಾಗಿದೆ, ತಣ್ಣಗಾಗೋಕೆ ಬಿಡಿ.

ಅಂಗಡಿಯವರಿಗೆ

ಬಾಕ್ಸ್ ಕೊಡೋಕೆ ಮುಂಚೆ ನಿಮ್ಮ ಫೋನ್ ಹಾಕಿ ತೋರಿಸ್ಬೇಡಿ, ಗಿರಾಕಿ ಫೋನಲ್ಲೇ ತಿರುಗಿ ನೋಡೋ ಟೆಸ್ಟ್ ಮಾಡಿಸಿ. ಎರಡು ನಿಮಿಷದ ಕೆಲಸ, ಆಮೇಲಿನ ಜಗಳ ತಪ್ಪುತ್ತೆ. ‘ಗೈರೋಸ್ಕೋಪ್ ಇರುವ ಫೋನಿಗೆ ಮಾತ್ರ’ ಅಂತ ಬಿಲ್ ಮೇಲೂ ಬರೀರಿ. ಎಲ್ಲಾ ಫೋನಿಗೂ ಆಗುತ್ತೆ ಅಂತ ಹೇಳಿ ಮಾರಿ, ವಾಪಸ್ ತಗೊಳ್ಳಲ್ಲ ಅಂದ್ರೆ ಗಿರಾಕಿ 1915ಕ್ಕೆ, ಅಂದ್ರೆ ರಾಷ್ಟ್ರೀಯ ಗ್ರಾಹಕ ಸಹಾಯವಾಣಿಗೆ ಫೋನ್ ಮಾಡಬಹುದು. ಮಕ್ಕಳಿಗೆ ಅಂತ ಕೇಳೋರಿಗೂ ಒಂದು ಮಾತು ಹೇಳಿ: ಸ್ಯಾಮ್ಸಂಗ್‌ನವರು ತಮ್ಮ ಗೇರ್ ವಿಆರ್‌ಗೆ 13 ವರ್ಷದ ಮೇಲಿನವರಿಗೆ ಅಂತಲೇ ಹಾಕಿದ್ದರು.

ಬಾಕ್ಸನ್ನ ಅಂಗಡಿ ಮುಂದೆ ಬಿಸಿಲಿಗೆ ನೇತು ಹಾಕ್ಬೇಡಿ. ಲೆನ್ಸ್ ಭೂತಗನ್ನಡಿ ಥರ ಬಿಸಿಲನ್ನ ಒಟ್ಟುಮಾಡಿ ಒಳಗಿಟ್ಟ ಫೋನಿನ ಸ್ಕ್ರೀನ್ ಸುಡುತ್ತೆ.

ಅಜ್ಜಿ ವಿಷಯ ಕೇಳ್ತೀರಾ? ಅಂಗಡಿಯವರು ಬಾಕ್ಸ್ ವಾಪಸ್ ತಗೊಳ್ಳಲಿಲ್ಲ, ಒಳ್ಳೇದೇ ಆಯ್ತು. ಭಾವನ ಫೋನಲ್ಲಿ ಗೈರೋಸ್ಕೋಪ್ ಇತ್ತು. ಭಾನುವಾರ ಹಾಕಿ ಕೂರಿಸಿದೆವು. ಅಜ್ಜಿ ಕೆಳಗೆ ಬಗ್ಗಿ ನೋಡಿ, ‘ಇಷ್ಟು ಅಂಚಿಗೆ ಯಾಕೋ ನಿಲ್ಲಿಸಿದೀಯ’ ಅಂತ ನನ್ನ ತೋಳು ಗಟ್ಟಿಯಾಗಿ ಹಿಡ್ಕೊಂಡರು.