ರೆಕ್ಕೆಯ ಗೆರೆ, ಮರಿಹುಳುವಿನ ಸಾಕ್ಷ್ಯ: ಹೇರ್‌ಸ್ಟ್ರೀಕ್ ಚಿಟ್ಟೆಗಳನ್ನು ಗುರುತಿಸಿದ ಚರಿತ್ರೆ

ಲೈಕೆನಿಡೇ ಕುಟುಂಬದ ಹೇರ್‌ಸ್ಟ್ರೀಕ್ ಚಿಟ್ಟೆಗಳಿಗೆ ಆ ಹೆಸರು ಬಂದದ್ದು ರೆಕ್ಕೆಯ ಕೆಳಮೈಯಲ್ಲಿ ಹಾಯುವ ಕೂದಲೆಳೆಯಂಥ ಗೆರೆಯಿಂದ. ಇವುಗಳಲ್ಲಿ ಬಹುಪಾಲು ಜಾತಿಗಳು ರೆಕ್ಕೆ ಮುಚ್ಚಿಯೇ ಕೂರುತ್ತವೆ. ಹಾಗಾಗಿ ಹಳೆಯ ಸಂಗ್ರಾಹಕರು ಗೆರೆ, ಚುಕ್ಕೆ, ಬಾಲಗಳನ್ನೇ ನೆಚ್ಚಿಕೊಂಡದ್ದು ಸಹಜ. ಆದರೆ ಇಂಗ್ಲೆಂಡಿನಲ್ಲಿ ಈ ಗುಂಪನ್ನು ಗುರುತಿಸುತ್ತ ಬಂದ ಚರಿತ್ರೆ ಬೇರೆಯದೇ ಪಾಠ ಹೇಳುತ್ತದೆ. ಪ್ರೌಢ ಚಿಟ್ಟೆಯ ರೆಕ್ಕೆಯನ್ನಷ್ಟೇ ಓದಿದವರು ಒಂದನ್ನು ಎರಡೆಂದೂ ಎರಡನ್ನು ಒಂದೆಂದೂ ಬಗೆದರು. ಮರಿಹುಳು, ಅದು ತಿನ್ನುವ ಗಿಡ, ಮೊಟ್ಟೆಯಿಡುವ ತಾವು ಇವು ಗುರುತಿನ ಹೊರಗಿನ ವಿವರಗಳಲ್ಲ, ಗುರುತಿನ ಭಾಗವೇ ಎಂಬುದು ಈ ಲೇಖನದ ವಾದ.

ಮೊದಲ ಬಗೆಯ ತಪ್ಪಿಗೆ ಬ್ರೌನ್ ಹೇರ್‌ಸ್ಟ್ರೀಕ್ ಸಾಕ್ಷಿ. ಇದರ ಹೆಣ್ಣಿನ ಮುಂರೆಕ್ಕೆಯಲ್ಲಿ ಕಿತ್ತಳೆ ಬಣ್ಣದ ದೊಡ್ಡ ಪಟ್ಟೆಯಿದೆ, ಗಂಡಿನಲ್ಲಿ ಅದು ಇಲ್ಲವೆನ್ನುವಷ್ಟು ಮಸುಕು. 18ನೇ ಶತಮಾನದ ಆರಂಭದಲ್ಲಿ ಸಂಗ್ರಾಹಕ ಜೇಮ್ಸ್ ಪೆಟಿವರ್ ಇವೆರಡಕ್ಕೂ ಬೇರೆ ಬೇರೆ ಹೆಸರಿಟ್ಟರು. ಒಂದೇ ತಾಯಿಯ ಮೊಟ್ಟೆಗಳಿಂದ ಎರಡೂ ರೂಪಗಳು ಹೊರಬರುವುದನ್ನು ನೋಡಿದವರಿಗೆ ಇಂಥ ಭ್ರಮೆಗೆ ಎಡೆಯೇ ಇರುವುದಿಲ್ಲ. ಎರಡನೆಯ ಬಗೆಯ ತಪ್ಪು ಇನ್ನೂ ಬೋಧಪ್ರದ. 1758ರಲ್ಲಿ ವರ್ಗೀಕರಣ ವಿಜ್ಞಾನಿ ಲಿನೇಯಸ್ ಪ್ಲಮ್ ಕುಲದ ಸಸ್ಯದ ಹೆಸರಿನಲ್ಲಿ 'ಪ್ರೂನಿ' ಎಂಬ ಜಾತಿಯನ್ನು ದಾಖಲಿಸಿದ್ದರು. 1782ರಲ್ಲಿ ಕೀಟತಜ್ಞ ಕ್ನಾಕ್ ಅದನ್ನು ಹೋಲುವ 'ಡಬ್ಲ್ಯೂ-ಆಲ್ಬಮ್' ಅನ್ನು ಪ್ರತ್ಯೇಕ ಜಾತಿಯಾಗಿ ಹೆಸರಿಸಿದರು. ಹಾಗಿದ್ದೂ ಹಳೆಯ ಇಂಗ್ಲಿಷ್ ಗ್ರಂಥಗಳು ಎಲ್ಮ್ ಮರದ ಈ ಎರಡನೆಯ ಚಿಟ್ಟೆಯನ್ನೇ 'ಪ್ರೂನಿ' ಎಂದು ಕರೆಯುತ್ತಿದ್ದವು. ನಿಜವಾದ ಪ್ರೂನಿ, ಅಂದರೆ ಇಂದಿನ ಬ್ಲ್ಯಾಕ್ ಹೇರ್‌ಸ್ಟ್ರೀಕ್, ಆ ದೇಶದಲ್ಲಿ ಪತ್ತೆಯಾದದ್ದು 1828ರಲ್ಲಿ, ಹಂಟಿಂಗ್‌ಡನ್‌ಶೈರಿನ ಮಾಂಕ್ಸ್ ವುಡ್ ಕಾಡಿನಲ್ಲಿ. ಅದರ ಮರಿಹುಳು ಬೆಳೆಯುವುದು ಪ್ಲಮ್ ಕುಲದ್ದೇ ಆದ ಬ್ಲ್ಯಾಕ್‌ಥಾರ್ನ್ ಎಂಬ ಮುಳ್ಳುಪೊದೆಯ ಮೇಲೆ. ಎಲ್ಮ್ ತಿನ್ನುವ ಹುಳುವಿಗೆ ಪ್ಲಮ್ ಗಿಡದ ಹೆಸರು ಹೇಗೆ ಹೊಂದೀತು ಎಂದು ಕೇಳಿದ್ದರೆ ಗೊಂದಲದ ಎಳೆ ಮೊದಲೇ ಕೈಗೆ ಸಿಗುತ್ತಿತ್ತು.

ಇಲ್ಲೊಂದು ಆಕ್ಷೇಪ ಬರಬಹುದು: ಎರಡನ್ನೂ ಕೊನೆಗೆ ಬೇರ್ಪಡಿಸಿದ್ದು ರೆಕ್ಕೆಯೇ ಅಲ್ಲವೆ? ಹೌದು. ಒಂದರ ಹಿಂರೆಕ್ಕೆಯಲ್ಲಿ ಇಂಗ್ಲಿಷಿನ ಡಬ್ಲ್ಯೂ ಅಕ್ಷರದಂಥ ಬಿಳಿಗೆರೆಯಿದೆ, ಇನ್ನೊಂದರಲ್ಲಿ ಕಿತ್ತಳೆ ಪಟ್ಟಿಯ ಒಳಅಂಚಿಗೆ ಕಪ್ಪುಚುಕ್ಕೆಗಳ ಸಾಲಿದೆ. ಆದರೆ ಹೋಲಿಸಬೇಕಾದ ಎರಡು ಜಾತಿಗಳಿವೆ ಎಂದು ತಿಳಿದ ಮೇಲಷ್ಟೇ ಈ ವ್ಯತ್ಯಾಸ ಕಣ್ಣಿಗೆ ಬೀಳುತ್ತದೆ. ಇನ್ನೂ ಗಟ್ಟಿಯಾದ ಆಕ್ಷೇಪ, ಗಿಡದ ಸಾಕ್ಷ್ಯವೂ ದಾರಿ ತಪ್ಪಿಸುತ್ತದೆ ಎಂಬುದು. ಬ್ರೌನ್ ಹೇರ್‌ಸ್ಟ್ರೀಕಿಗೆ ಲಿನೇಯಸ್ ಬರ್ಚ್ ಮರದ ಹೆಸರಿಟ್ಟರು, ಅದರ ಮರಿಹುಳುವೋ ಬ್ಲ್ಯಾಕ್‌ಥಾರ್ನ್ ತಿನ್ನುತ್ತದೆ. ಗ್ರೀನ್ ಹೇರ್‌ಸ್ಟ್ರೀಕಿನ ಹುಳು ಗೋರ್ಸ್, ಬಿಲ್‌ಬೆರಿ ಮುಂತಾದ ಹಲವು ಗಿಡಗಳಲ್ಲಿ ಬದುಕುತ್ತದೆ. ಈ ಮಾತು ಒಪ್ಪತಕ್ಕದ್ದೇ. ಆದರೆ ಇದು ತಳ್ಳಿಹಾಕುವುದು ಕೇಳಿಕೆಯ ಮಾಹಿತಿಯನ್ನು, ಸಾಕಿ ನೋಡಿದ ಸಾಕ್ಷ್ಯವನ್ನಲ್ಲ. ಮೊಟ್ಟೆಯಿಂದ ಚಿಟ್ಟೆಯವರೆಗೆ ಒಂದೇ ಜೀವಿಯನ್ನು ಹಿಂಬಾಲಿಸಿದಾಗ ಗಿಡ, ಹುಳುವಿನ ಆಕಾರ, ಕೋಶ, ರೆಕ್ಕೆ ಎಲ್ಲವೂ ಒಂದೇ ದಾಖಲೆಯಲ್ಲಿ ಸೇರುತ್ತವೆ. ಈ ಹುಳುಗಳು ತಲೆಯನ್ನು ಒಳಗೆಳೆದುಕೊಂಡ, ಚಪ್ಪಟೆಯಾದ, ಗೊಂಡೆಹುಳುವಿನಂಥ ಜೀವಿಗಳು. ಓಕ್ ಮರದ ಪರ್ಪಲ್ ಹೇರ್‌ಸ್ಟ್ರೀಕಿನ ಹುಳು ಮೊಗ್ಗಿನ ಕಂದು ಪೊರೆಗಳ ನಡುವೆ ಅಡಗಿದರೆ ಗೊತ್ತೇ ಆಗುವುದಿಲ್ಲ. ಸಾಕದೆ ಇವುಗಳ ಗುರುತು ಹಿಡಿಯುವುದು ಕಷ್ಟ.

ಈ ಸಾಕುವ ವಿಧಾನದ ದೊಡ್ಡ ಪ್ರಯೋಗಗಳಲ್ಲೊಂದು ನಡೆದದ್ದು ನಮ್ಮ ಉತ್ತರ ಕನ್ನಡದಲ್ಲಿ. ಜೇಮ್ಸ್ ಡೇವಿಡ್ಸನ್, ಅರಣ್ಯ ಇಲಾಖೆಯ ಟಿ.ಆರ್. ಬೆಲ್ ಮತ್ತು ಇ.ಎಚ್. ಏಟ್ಕನ್ ಈ ಜಿಲ್ಲೆಯ ಚಿಟ್ಟೆಗಳ ಮರಿಹುಳುಗಳನ್ನು ಸಾಕಿ, 1896-97ರಲ್ಲಿ ಬಾಂಬೆ ನ್ಯಾಚುರಲ್ ಹಿಸ್ಟರಿ ಸೊಸೈಟಿಯ ನಿಯತಕಾಲಿಕದಲ್ಲಿ ವಿವರಿಸಿದರು. ಅವರ ಬರಹದಲ್ಲಿ ಹುಳು, ಕೋಶ, ಆಹಾರ ಸಸ್ಯಗಳು ಚಿಟ್ಟೆಯಷ್ಟೇ ಗೌರವದ ಸ್ಥಾನ ಪಡೆದಿವೆ. ಹೇರ್‌ಸ್ಟ್ರೀಕುಗಳ ಬಳಗದ್ದೇ ಆದ ವಿರಾಚೋಲಾ ಐಸೊಕ್ರಾಟಿಸ್ ನಮ್ಮ ರೈತರಿಗೆ ಪರಿಚಿತವಾಗಿರುವುದು ಚಿಟ್ಟೆಯಾಗಿ ಅಲ್ಲ, ದಾಳಿಂಬೆಯ ಕಾಯಿಕೊರಕ ಹುಳುವಾಗಿ. ತೋಟ ಉಳಿಸಬೇಕಾದವನಿಗೆ ಬೇಕಾದ ಗುರುತೂ ಅದೇ.

ಇಂದು ಡಿಎನ್ಎ ಪರೀಕ್ಷೆಯಿರುವಾಗ ಇಷ್ಟೆಲ್ಲ ಶ್ರಮವೇಕೆ ಎನ್ನುವವರಿದ್ದಾರೆ. ಡಿಎನ್ಎ ಹುಳುವನ್ನೂ ಚಿಟ್ಟೆಯನ್ನೂ ಜೋಡಿಸಿಕೊಡಬಲ್ಲದು; ಆದರೆ ಅದು ಹೋಲಿಸುವುದು ಮೊದಲೇ ಸರಿಯಾಗಿ ಹೆಸರಿಸಿಟ್ಟ ಮಾದರಿಗಳೊಂದಿಗೆ. ಆ ಜೀವಿ ಎಲ್ಲಿ, ಯಾವುದರ ಮೇಲೆ, ಹೇಗೆ ಬದುಕುತ್ತದೆ ಎಂಬುದನ್ನು ಅದೊಂದೇ ಹೇಳಲಾರದು. ಇಂಗ್ಲೆಂಡಿನಲ್ಲಿ ಬ್ರೌನ್ ಹೇರ್‌ಸ್ಟ್ರೀಕಿನ ಇರವನ್ನು ತಿಳಿಯಲು ಚಳಿಗಾಲದ ಬರಿಯ ಕೊಂಬೆಗಳ ಮೇಲೆ ಅದರ ಬಿಳಿ ಮೊಟ್ಟೆಗಳನ್ನು ಹುಡುಕುತ್ತಾರೆ, ಏಕೆಂದರೆ ಮರದ ತುದಿಯಲ್ಲಿರುವ ಚಿಟ್ಟೆಗಿಂತ ಅವೇ ಸುಲಭವಾಗಿ ಸಿಗುತ್ತವೆ. 1970ರ ದಶಕದಲ್ಲಿ ಡಚ್ ಎಲ್ಮ್ ರೋಗ ಮರಗಳನ್ನು ಬಲಿ ತೆಗೆದುಕೊಂಡಾಗ ಯಾವ ಚಿಟ್ಟೆಗೆ ಕುತ್ತು ಬಂತೆಂದು ತಿಳಿದದ್ದೂ ಮರಿಹುಳುವಿನ ಆಹಾರ ಗೊತ್ತಿದ್ದುದರಿಂದಲೇ. ಆದ್ದರಿಂದ ಪಶ್ಚಿಮ ಘಟ್ಟದಲ್ಲಿ ಚಿಟ್ಟೆಗಳ ಚಿತ್ರ ತೆಗೆದು ಪಟ್ಟಿ ಮಾಡುವ ಇಂದಿನ ಕೆಲಸದ ಜೊತೆಗೆ, ಸಾಕಿ ನೋಡಿದ ಹುಳು ಮತ್ತು ಗಿಡದ ದಾಖಲೆಯೂ ಕಡ್ಡಾಯವಾಗಿ ಸೇರಬೇಕು. ಅದಿಲ್ಲದ ಪಟ್ಟಿಯಲ್ಲಿ ಚಿಟ್ಟೆಯ ಹೆಸರು ಸಿಕ್ಕೀತು. ಅದನ್ನು ಉಳಿಸಲು ಯಾವ ಗಿಡವನ್ನು ಕಾಯಬೇಕೆಂಬ ಅರಿವು ಸಿಗದು.