ಅಯ್ಯಾವೊಳೆ ಐನೂರ್ವರು: ಒಬ್ಬ ಒಡೆಯನಿಲ್ಲದ ಸಂಘದ ಚರಿತ್ರೆ

ಮಧ್ಯಯುಗದ ಕರ್ನಾಟಕದ ಆಡಳಿತವನ್ನು ವಿವರಿಸುವಾಗ ಚಕ್ರವರ್ತಿಯಿಂದ ಮಹಾಮಂಡಲೇಶ್ವರನಿಗೆ, ಅವನಿಂದ ನಾಡಗಾವುಂಡನಿಗೆ, ಕೊನೆಗೆ ಊರಗಾವುಂಡನಿಗೆ ಇಳಿದುಬರುವ ಅಧಿಕಾರದ ಶ್ರೇಣಿಯನ್ನು ಮುಂದಿಡುವುದು ವಾಡಿಕೆ. ಶಾಸನಗಳ ಪೀಠಿಕೆಯೂ ಇದೇ ಕ್ರಮವನ್ನು ಅನುಸರಿಸಿ, ಮೊದಲು ಅರಸನ ಬಿರುದುಗಳನ್ನೂ ಆಮೇಲೆ ಅವನ ಪಾದಪದ್ಮೋಪಜೀವಿಯಾದ ಸಾಮಂತನ ಹೆಸರನ್ನೂ ಹೇಳುತ್ತದೆ. ಆದರೆ ಅವೇ ಶಾಸನಗಳು ದತ್ತಿಯ ವಿವರಕ್ಕೆ ಬಂದಾಗ ಅಗ್ರಹಾರದ ಮಹಾಜನರು, ಪಟ್ಟಣದ ವರ್ತಕರ ಕೂಟವಾದ ನಖರ, ಗಾಣದ ಕಸುಬಿನವರ ಸಂಘವಾದ ತೆಲ್ಲಿಗರ ಐವತ್ತೊಕ್ಕಲು ಮುಂತಾದ ಸಮೂಹಗಳು ಕಾಣಿಸಿಕೊಳ್ಳುತ್ತವೆ. ಒಬ್ಬ ನಾಯಕನ ಹೆಸರಿನ ಬದಲು ಒಂದು ಸಂಖ್ಯೆಯಿಂದ ಗುರುತಿಸಿಕೊಂಡು, ಎಲ್ಲರೂ ಕೂಡಿ ನಿರ್ಧರಿಸಿ, ಎಲ್ಲರ ಪರವಾಗಿ ಹೊಣೆ ಹೊತ್ತ ಈ ಸಂಸ್ಥೆಗಳಲ್ಲಿ ಅತ್ಯಂತ ವಿಸ್ತಾರವಾಗಿ ಹರಡಿದ್ದು ಅಯ್ಯಾವೊಳೆ ಐನೂರ್ವರೆಂಬ ವರ್ತಕ ಸಂಘ.

ಅಯ್ಯಾವೊಳೆ ಎಂದರೆ ಇಂದಿನ ಬಾಗಲಕೋಟೆ ಜಿಲ್ಲೆಯಲ್ಲಿ ಮಲಪ್ರಭಾ ನದಿಯ ಬಳಿಯಿರುವ ಐಹೊಳೆ. ಬಾದಾಮಿ ಚಾಲುಕ್ಯರ ಕಾಲದ ದೇವಾಲಯಗಳಿಗೆ ಹೆಸರಾದ ಈ ಊರಿನ ಲಾಡಖಾನ್ ಗುಡಿಯ ಶಾಸನವೊಂದು ಅಲ್ಲಿನ ಐನೂರು ಚತುರ್ವೇದಿಗಳನ್ನು ಉಲ್ಲೇಖಿಸುತ್ತದೆ. ಈ ಬ್ರಾಹ್ಮಣ ಸಭೆಗೂ ಮುಂದೆ ಐನೂರ್ವರೆಂದು ಪ್ರಸಿದ್ಧರಾದ ವರ್ತಕರಿಗೂ ಇದ್ದ ಸಂಬಂಧವೇನು ಎಂಬುದರ ಬಗ್ಗೆ ವಿದ್ವಾಂಸರಲ್ಲಿ ಒಮ್ಮತವಿಲ್ಲ. ಆದರೆ ಕಲ್ಯಾಣ ಚಾಲುಕ್ಯರ ಆಳ್ವಿಕೆಯ ಹೊತ್ತಿಗೆ ಐನೂರು ಎಂಬುದು ತಲೆಯೆಣಿಕೆಯಾಗಿ ಉಳಿಯದೆ ಸಂಸ್ಥೆಯ ಹೆಸರೇ ಆಗಿತ್ತು. 11ನೆಯ ಶತಮಾನದ ನಡುಭಾಗಕ್ಕೆ ಸೇರಿದ ಶಿಕಾರಿಪುರದ ಶಾಸನವೊಂದು ಈ ವರ್ತಕರು ಚೇರ, ಚೋಳ, ಪಾಂಡ್ಯ, ಮಗಧ, ಸೌರಾಷ್ಟ್ರ, ನೇಪಾಳ, ಪಾರಸ ದೇಶಗಳನ್ನು ನೆಲದ ಹಾದಿಯಲ್ಲೂ ಜಲಮಾರ್ಗದಲ್ಲೂ ಮುಟ್ಟುತ್ತಿದ್ದರೆಂದೂ, ಆನೆ, ಕುದುರೆ, ಮುತ್ತು, ರತ್ನ, ಏಲಕ್ಕಿ, ಲವಂಗ, ಕರ್ಪೂರ, ಕಸ್ತೂರಿಗಳನ್ನು ಮಾರುತ್ತಿದ್ದರೆಂದೂ ಬಣ್ಣಿಸುತ್ತದೆ. ಪ್ರಶಸ್ತಿಯಲ್ಲಿ ಉತ್ಪ್ರೇಕ್ಷೆ ಸಹಜವಾದರೂ ಕಡಲಾಚೆಯ ಸಾಕ್ಷ್ಯ ಇದನ್ನು ಬಹುಮಟ್ಟಿಗೆ ಸಮರ್ಥಿಸುತ್ತದೆ. ಸುಮಾತ್ರಾದ ಬಾರುಸ್ ಬಳಿ ದೊರೆತ 1088ರ ತಮಿಳು ಶಾಸನ ಐನೂರ್ವರದೇ ಆಗಿದೆ. ಬರ್ಮಾದ ಪಗಾನಿನಲ್ಲಿದ್ದ ಒಂದು ವಿಷ್ಣು ದೇವಾಲಯ ಈ ಸಂಘದ ಇನ್ನೊಂದು ಹೆಸರಾದ ನಾನಾದೇಶಿಯನ್ನೇ ಹೊತ್ತಿತ್ತು.

ಇಂಥ ಸಂಘ ಹುಟ್ಟಿದ್ದಕ್ಕೂ ಬೆಳೆದದ್ದಕ್ಕೂ ಮುಖ್ಯ ಕಾರಣ ವ್ಯಾಪಾರದ ಸ್ವರೂಪದಲ್ಲೇ ಇದೆ. ಅರಸನ ಆಜ್ಞೆ ಅವನ ರಾಜ್ಯದ ಗಡಿಯವರೆಗೆ ಮಾತ್ರ ನಡೆಯುತ್ತಿದ್ದುದರಿಂದ, ಚಾಲುಕ್ಯರ ನಾಡಿನಲ್ಲಿ ಕೊಂಡ ಸರಕನ್ನು ಅವರ ವೈರಿಗಳಾದ ಚೋಳರ ನಾಡಿನಲ್ಲಿ ಮಾರಬೇಕಾದ ಸೆಟ್ಟಿಗೆ ಯಾವ ಒಬ್ಬ ದೊರೆಯ ರಕ್ಷಣೆಯೂ ಸಾಲುತ್ತಿರಲಿಲ್ಲ. ಕೊಟ್ಟ ಮಾತು, ಇಟ್ಟ ಹಣ ಮತ್ತು ತೂಗಿದ ತೂಕ ದೂರದ ಊರಿನಲ್ಲೂ ಸಲ್ಲಬೇಕಾದರೆ ಸಮಾನಸ್ಕಂಧರ ನಡುವಿನ ಒಪ್ಪಂದವೇ ಆಧಾರವಾಗಬೇಕಿತ್ತು. ಆ ಒಪ್ಪಂದಕ್ಕೆ ಶಾಸನಗಳಲ್ಲಿ ಸಮಯ ಎಂದೂ, ವರ್ತಕರ ನಡತೆಯ ಕಟ್ಟಳೆಗೆ ಬಣಂಜುಧರ್ಮ ಎಂದೂ ಹೆಸರಿದೆ. ಸಮಯವನ್ನು ಮುರಿದವನನ್ನು ಸಮಯದ್ರೋಹಿಯೆಂದು ಕರೆಯುತ್ತಿದ್ದರು. ಪರಸ್ಪರ ನಂಬಿಕೆಯ ಮೇಲೆ ಬದುಕುವ ಕಸುಬಿನವರಿಗೆ ಇದಕ್ಕಿಂತ ಕಠಿಣವಾದ ಕಳಂಕ ಇರಲಾರದು.

ಸಂಘದ ಒಳಗೆ ಎಲ್ಲರೂ ಒಂದೇ ಬಗೆಯವರಾಗಿರಲಿಲ್ಲ. ದೊಡ್ಡ ವರ್ತಕರಾದ ವಡ್ಡವ್ಯವಹಾರಿಗಳು, ಸೆಟ್ಟಿಗಳು, ಗವರೆಗಳು, ಗಾತ್ರಿಗರು, ಸರಕಿನ ಕಾವಲಿನೊಂದಿಗೆ ನಂಟಿದ್ದ ಮುಮ್ಮುರಿದಂಡರು ಹೀಗೆ ಹಲವು ವರ್ಗಗಳು ಅದರಲ್ಲಿ ಕೂಡಿದ್ದವು. ಹಾಗಿದ್ದರೂ ಶಾಸನಗಳು ಇಡೀ ಐನೂರ್ವರಿಗೆ ಒಬ್ಬ ಶಾಶ್ವತ ಮುಖ್ಯಸ್ಥನನ್ನು ಹೇಳುವುದಿಲ್ಲ. ಅವರು ದೇವಾಲಯಗಳಲ್ಲಿ ಮಹಾಸಭೆಯಾಗಿ ನೆರೆದು, ತಮ್ಮ ಸರಕಿನ ಹೇರಿಗೆ ಇಷ್ಟು ಎಂದು ತಾವೇ ತೆರಿಗೆ ವಿಧಿಸಿಕೊಂಡು, ಅದನ್ನು ದೇವರ ಪೂಜೆಗೋ ಮಠಕ್ಕೋ ಕೆರೆಗೋ ಬಿಟ್ಟುಕೊಟ್ಟು, ನಿರ್ಣಯವನ್ನು ಎಲ್ಲರೂ ಕಾಣುವಂತೆ ಕಲ್ಲಿನ ಮೇಲೆ ಬರೆಸುತ್ತಿದ್ದರು. ತಮಿಳುನಾಡಿನ ಪಿರಾನ್ಮಲೈಯಲ್ಲಿರುವ 13ನೆಯ ಶತಮಾನದ ಶಾಸನ ಹೀಗೆ ಒಂದೊಂದು ಸರಕಿಗೂ ನಿಗದಿಯಾದ ದರವನ್ನು ಸಾಲಾಗಿ ದಾಖಲಿಸಿದೆ. ಕೊಡಬೇಕಾದವರೇ ದರವನ್ನು ಗೊತ್ತುಮಾಡಿ ಬಹಿರಂಗಪಡಿಸಿದ್ದರಿಂದ, ಮೇಲಿನಿಂದ ಹೇರಿದ ಸುಂಕಕ್ಕೆ ದೊರೆಯದ ಸಮ್ಮತಿ ಇದಕ್ಕೆ ದೊರೆಯುತ್ತಿತ್ತು. ಸಮೂಹದ ಹೊಣೆಗಾರಿಕೆಗೆ ಇನ್ನೊಂದು ಶಕ್ತಿಯೂ ಇತ್ತು. ದಾನಿಯೊಬ್ಬನು ಗದ್ಯಾಣಗಳನ್ನು, ಅಂದರೆ ಹೊನ್ನಿನ ನಾಣ್ಯಗಳನ್ನು, ಮಹಾಜನರ ಕೈಯಲ್ಲಿರಿಸಿ ಅದರ ಬಡ್ಡಿಯಿಂದ ನಂದಾದೀವಿಗೆ ಉರಿಸಬೇಕೆಂದು ಕಟ್ಟುಮಾಡುತ್ತಿದ್ದುದು, ವ್ಯಕ್ತಿ ಅಳಿದರೂ ಕೂಟ ಉಳಿಯುತ್ತದೆಂಬ ಭರವಸೆಯಿಂದಲೇ.

ಆದರೆ ಈ ವ್ಯವಸ್ಥೆಯನ್ನು ಪ್ರಜಾಪ್ರಭುತ್ವವೆಂದು ಕೊಂಡಾಡುವುದು ಚರಿತ್ರೆಗೆ ಮಾಡುವ ಅನ್ಯಾಯವಾಗುತ್ತದೆ. ಮಹಾಜನರ ಸಭೆಯಲ್ಲಿ ಕೂರಲು ಜನ್ಮವೂ ವೇದಾಧ್ಯಯನವೂ ಬೇಕಿತ್ತು. ವರ್ತಕರ ಕೂಟಕ್ಕೆ ಬಂಡವಾಳ ಬೇಕಿತ್ತು. ಸರಕು ಹೊತ್ತವರ, ಅಗ್ರಹಾರದ ಗದ್ದೆಗಳಲ್ಲಿ ದುಡಿದವರ ದನಿ ಆ ನಿರ್ಣಯಗಳಲ್ಲಿ ಕೇಳಿಸುವುದಿಲ್ಲ. ಹೆಂಗಸರಿಗೂ ಅಧಿಕಾರದ ಸ್ಥಾನ ಅಪರೂಪವಾಗಿತ್ತು; ರಾಷ್ಟ್ರಕೂಟರ ಕಾಲದಲ್ಲಿ, 10ನೆಯ ಶತಮಾನದ ಆರಂಭದಲ್ಲಿ, ಗಂಡನ ಮರಣದ ನಂತರ ನಾಗರಖಂಡದ ನಾಳ್ಗಾವುಂಡಿಯಾಗಿ ಆಳಿದ ಜಕ್ಕಿಯಬ್ಬೆಯಂಥವರು ವಿರಳ ಅಪವಾದಗಳು. ಒಳಗಿದ್ದವರ ನಡುವೆ ಸಮತೆಯನ್ನು ಕಾಪಾಡಿದ ಕೂಟಗಳೇ ಹೊರಗಿದ್ದವರ ಮೇಲೆ ಒಟ್ಟಾಗಿ ಒಡೆತನ ನಡೆಸಿದವು.

ಈ ಮಿತಿಯನ್ನು ನೇರವಾಗಿ ಪ್ರಶ್ನಿಸಿದ್ದು 12ನೆಯ ಶತಮಾನದ ಕಲ್ಯಾಣದ ಶರಣರು. ಮಡಿವಾಳ ಮಾಚಯ್ಯ, ಅಂಬಿಗರ ಚೌಡಯ್ಯ, ನುಲಿಯ ಚಂದಯ್ಯ, ಆಯ್ದಕ್ಕಿ ಲಕ್ಕಮ್ಮ ಇವರ ಹೆಸರುಗಳೇ ಸಾರುವಂತೆ, ಯಾವ ಸಭೆಯಲ್ಲೂ ಸ್ಥಾನವಿಲ್ಲದ ಕಸುಬಿನವರು ಶರಣರ ಕೂಟದಲ್ಲಿ ವಾದಿಸಿದರು, ವಚನ ರಚಿಸಿದರು. ಸಭೆಯ ಅರ್ಹತೆಯನ್ನು ಜನ್ಮದಿಂದಲೂ ಹಣದಿಂದಲೂ ಬಿಡಿಸಿ ಕಾಯಕಕ್ಕೆ, ಅಂದರೆ ನಿಷ್ಠೆಯಿಂದ ಮಾಡುವ ದುಡಿಮೆಗೆ ಕಟ್ಟಿದ್ದು ಶರಣರ ದೊಡ್ಡ ಸಾಧನೆ. ಸಮಗಾರನಾದ ಹರಳಯ್ಯ ಮತ್ತು ಬ್ರಾಹ್ಮಣನಾಗಿದ್ದ ಮಧುವರಸ ಎಂಬ ಶರಣರ ಮಕ್ಕಳ ಮದುವೆಗಾಗಿ ಅರಸನು ಅವರಿಗೆ ಕ್ರೂರ ಶಿಕ್ಷೆ ವಿಧಿಸಿದನೆಂದು ಪರಂಪರೆ ಹೇಳುವುದನ್ನು ನೋಡಿದರೆ, ಅಧಿಕಾರಶ್ರೇಣಿ ವರ್ತಕರ ಕೂಟವನ್ನು ಸಹಿಸಿಕೊಂಡಂತೆ ಈ ಕೂಟವನ್ನು ಸಹಿಸಿಕೊಳ್ಳಲಿಲ್ಲವೆಂಬುದು ಸ್ಪಷ್ಟವಾಗುತ್ತದೆ.

ವರ್ತಕ ಸಂಘಗಳ ಇಳಿಗಾಲ ಬೇರೆ ಬಗೆಯಲ್ಲಿ ಬಂತು. ಹೊಯ್ಸಳರ ಕಾಲದಲ್ಲೇ ಕೆಲವು ಸೆಟ್ಟಿಗಳು ರಾಜಶ್ರೇಷ್ಠಿಗಳೆಂಬ ಪದವಿ ಪಡೆದು ಅರಮನೆಗೆ ಹತ್ತಿರವಾಗಿದ್ದರು. ವಿಜಯನಗರದ ಕಾಲದಲ್ಲಿ ಸಂತೆಯನ್ನು ಕೂಡಿಸಿದವನಿಗೆ ಪಟ್ಟಣಸ್ವಾಮಿತನವನ್ನು, ಅಂದರೆ ಪೇಟೆಯ ಮುಖಂಡತ್ವವನ್ನು, ಭೂಮಿಯ ಸಮೇತ ವಂಶಪಾರಂಪರ್ಯವಾಗಿ ಕೊಡುವ ಪದ್ಧತಿ ಬೆಳೆಯಿತು. ಕೂಟದ ಒಪ್ಪಿಗೆಯಿಂದ ನಡೆಯಬೇಕಿದ್ದ ಹೊಣೆ ಅರಸನ ಕೊಡುಗೆಯಾದಾಗ, ಮುಖಂಡನು ತನ್ನ ಸಹವರ್ತಕರಿಗೆ ಉತ್ತರಿಸುವ ಬದಲು ಮೇಲಿನವರಿಗೆ ಉತ್ತರಿಸತೊಡಗಿದನು.

ಶ್ರೇಣಿಯಿಲ್ಲದೆ ದೊಡ್ಡ ಸಂಸ್ಥೆಯನ್ನು ನಡೆಸಲಾಗದು ಎಂಬ ಮಾತು ಇಂದಿಗೂ ಪ್ರಚಲಿತವಾಗಿದೆ. ಐಹೊಳೆಯಿಂದ ಸುಮಾತ್ರಾವರೆಗೆ ಶತಮಾನಗಳ ಕಾಲ ವ್ಯವಹರಿಸಿದ ಐನೂರ್ವರು ಆ ಮಾತನ್ನು ಸುಳ್ಳಾಗಿಸಿದ್ದಾರೆ. ಬಹಿರಂಗವಾದ ಒಪ್ಪಂದ, ತಾವೇ ಒಪ್ಪಿದ ತೆರಿಗೆ, ಜತೆಯವರಿಗೆ ಉತ್ತರಿಸಬೇಕಾದ ಹೊಣೆ ಈ ಮೂರೂ ಇದ್ದಷ್ಟು ಕಾಲ ಅವರ ಸಂಘ ಬಾಳಿತು. ಇಷ್ಟಿದ್ದರೂ ಅದು ನ್ಯಾಯವಾದ ಸಮಾಜವನ್ನು ಕಟ್ಟಲಿಲ್ಲ ಎಂಬುದನ್ನೂ ಮರೆಯಲಾಗದು. ಕೂಟದ ಒಳಗಿನ ಸಮತೆಯಷ್ಟೇ ಮುಖ್ಯವಾದುದು ಆ ಕೂಟಕ್ಕೆ ಯಾರಿಗೆ ಪ್ರವೇಶವಿದೆ ಎಂಬ ಪ್ರಶ್ನೆ. ಕರ್ನಾಟಕದ ಚರಿತ್ರೆಯಲ್ಲಿ ಮೊದಲನೆಯದನ್ನು ವರ್ತಕರು ಸಾಧಿಸಿ ತೋರಿದರು, ಎರಡನೆಯದನ್ನು ಶರಣರು ಎತ್ತಿ ಅದಕ್ಕಾಗಿ ಬೆಲೆ ತೆತ್ತರು. ಸಮಾನತೆಯ ಸಂಸ್ಥೆಗಳನ್ನು ಕಟ್ಟಹೊರಟವರು ಎರಡನ್ನೂ ಒಟ್ಟಿಗೆ ಕಲಿಯಬೇಕಾಗುತ್ತದೆ.